ಮೆಟಲ್ ಲೈವ್ ರೆಕಾರ್ಡಿಂಗ್: ಬಳ್ಳಾರಿಯಲ್ಲಿ ನನಗೆ ಪದೇ ಪದೇ ಬರುವ ಪ್ರಶ್ನೆಗಳು

ಹೆವಿ ಮೆಟಲ್ ಬ್ಯಾಂಡ್‌ಗಳ ಲೈವ್ ಶೋ ರೆಕಾರ್ಡಿಂಗ್ ಕೂಡಿಡುವ ಹುಚ್ಚು ನನಗೆ ಹಿಡಿದು ಇಪ್ಪತ್ತೈದು ವರ್ಷ ದಾಟಿತು. ಶುರುವಾದಾಗ ಇಡೀ ಬಳ್ಳಾರಿಯಲ್ಲಿ ಈ ವಿಷಯ ಮಾತಾಡೋಕೆ ನನಗೆ ಗೊತ್ತಿದ್ದವರು ಮೂವರು. ಅವರಲ್ಲಿ ಒಬ್ಬ ನನ್ನ ಕ್ಯಾಸೆಟ್ ಒಯ್ದು ಇನ್ನೂ ಕೊಟ್ಟಿಲ್ಲ. ಈಗ ತೋರಣಗಲ್ಲಿನ ಕಾರ್ಖಾನೆಯ ಹುಡುಗರು ಬರುತ್ತಾರೆ, ಇಲ್ಲಿನ ಎಂಜಿನಿಯರಿಂಗ್ ಕಾಲೇಜಿನವರು ಬರುತ್ತಾರೆ, ಗಂಗಾವತಿ, ಸಿಂಧನೂರು, ರಾಯಚೂರಿನಿಂದ ಫೋನ್ ಬರುತ್ತದೆ. ಪ್ರಶ್ನೆಗಳು ಮಾತ್ರ ಅವೇ. ಹೇಳಿ ಹೇಳಿ ಸಾಕಾಗಿ, ಒಂದ್ಸಲ ಬರೆದೇ ಇಡೋಣ ಅಂತ ಕೂತೆ.

ಅಣ್ಣಾ, ಯೂಟ್ಯೂಬ್‌ನಲ್ಲಿ ಎಲ್ಲಾ ಸಿಗುತ್ತಲ್ಲ, ಕೂಡಿಡೋದು ಯಾಕೆ?

ಇವತ್ತು ಸಿಗುತ್ತದೆ. ನಾಳೆ ಯಾರೋ ದೂರು ಕೊಟ್ಟರೆ ಮಾಯ. ಅದೂ ಅಲ್ಲದೆ ಅಲ್ಲಿಗೆ ಏರಿಸಿದ ಸದ್ದನ್ನು ಹಾಗೇ ಇಡುವುದಿಲ್ಲ, ಹಿಂಡಿ ಚಿಕ್ಕದು ಮಾಡುತ್ತಾರೆ. ಹೆಡ್‌ಫೋನ್ ಹಾಕಿಕೊಂಡು ಡ್ರಮ್ಮಿನ ಸಿಂಬಲ್ ಮೇಲೆ ಗಮನ ಇಡಿ. ಕಂಚು ಬಡಿದ ಹಾಗೆ ಕೇಳಿಸಬೇಕು. ಕಾದ ಎಣ್ಣೆಗೆ ಮಿರ್ಚಿ ಬಿಟ್ಟ ಹಾಗೆ ಚುಂಯ್ ಅಂದರೆ, ಅದು ಹಿಂಡಿದ ಗುರುತು. ಒಂದ್ಸಲ ಗೊತ್ತಾಯಿತು ಅಂದರೆ ಆಮೇಲೆ ಕಿವಿ ಅದನ್ನೇ ಹುಡುಕುತ್ತೆ. ಹೇಳಿಕೊಟ್ಟಿದ್ದಕ್ಕೆ ನನ್ನನ್ನು ಬೈಯಬೇಡಿ.

ಕಂಪನಿಯವರೇ ತಂದ ಲೈವ್ ಆಲ್ಬಂಗಳಿವೆ. ಅವು ಸಾಲದಾ?

ಮೊದಲು ಅವನ್ನೇ ಕೊಳ್ಳಿ. ಬ್ಯಾಂಡ್‌ಗೆ ನಾಲ್ಕು ಕಾಸು ಹೋಗಲಿ.

ಆದರೆ ಎಷ್ಟೋ ಲೈವ್ ಆಲ್ಬಂ ಪೂರ್ತಿ ಲೈವ್ ಆಗಿರುವುದಿಲ್ಲ. ಜೂಡಾಸ್ ಪ್ರೀಸ್ಟ್ 1979ರಲ್ಲಿ ಟೋಕಿಯೊದ ಶೋಗಳಿಂದ ಮಾಡಿದ ಆಲ್ಬಂಗೆ ಅವರ ಗಾಯಕ ರಾಬ್ ಹಾಲ್ಫರ್ಡ್ ಆಮೇಲೆ ಸ್ಟುಡಿಯೋದಲ್ಲಿ ಮತ್ತೆ ಹಾಡಿದ್ದರು. ಮೋಟರ್‌ಹೆಡ್‌ನ 1981ರ ಆಲ್ಬಂ ಹೆಸರಿನಲ್ಲಿ ಲಂಡನ್ನಿನ ಹ್ಯಾಮರ್‌ಸ್ಮಿತ್ ಇದೆ, ಒಳಗಿರುವ ಹಾಡುಗಳು ಹೆಚ್ಚಾಗಿ ಲೀಡ್ಸ್ ಮತ್ತು ನ್ಯೂಕ್ಯಾಸಲ್‌ನವು. ಎರಡೂ ಪುಣ್ಯದ ಆಲ್ಬಂಗಳು, ನಾನು ಇವತ್ತಿಗೂ ಕೇಳುತ್ತೇನೆ. ಆದರೆ ಒಂದು ರಾತ್ರಿ ಹೇಗಿತ್ತೋ ಹಾಗೇ ಬೇಕು, ತಪ್ಪಿದ ಸೋಲೋ ಸಮೇತ, ಕೈಕೊಟ್ಟ ಮೈಕ್ ಸಮೇತ, ಹಾಡಿನ ನಡುವಿನ ಹರಟೆ ಸಮೇತ ಬೇಕು ಅಂದರೆ ಇಡೀ ಶೋದ ರೆಕಾರ್ಡಿಂಗೇ ಗತಿ. ನಮ್ಮ ಕಡೆ ದೊಡ್ಡಾಟ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಅದೇ ಪ್ರಸಂಗ, ಅದೇ ಮೇಳ. ಹೋದ ವಾರ ಪಕ್ಕದ ಊರಿನಲ್ಲಿ ಆಡಿದ್ದು ಬೇರೆ, ಇವತ್ತು ನಿಮ್ಮ ಊರಿನಲ್ಲಿ ಆಡಿದ್ದು ಬೇರೆ.

‘ಒಳ್ಳೆ ಕ್ವಾಲಿಟಿ’ ಅಂತ ಹೇಗೆ ತೀರ್ಮಾನ ಮಾಡ್ತೀರಿ?

ಕಿವಿಗೆ ಹಾಕಿಕೊಳ್ಳುವ ಮೊದಲು ನಾನು ಜಾತಕ ಕೇಳುತ್ತೇನೆ. ಯಾರು ರೆಕಾರ್ಡ್ ಮಾಡಿದರು, ಯಾವ ಮೈಕ್, ಎಲ್ಲಿ ನಿಂತಿದ್ದರು, ಮೊದಲ ಟೇಪಿನಿಂದ ನನ್ನ ಕೈಗೆ ಬರುವ ತನಕ ಎಷ್ಟು ಸಲ ನಕಲಾಯಿತು, ಯಾವ ಯಂತ್ರದಲ್ಲಿ. ಹೊರದೇಶದ ಸಂಗ್ರಹಕಾರರು ಇದಕ್ಕೆ ಲೀನಿಯೇಜ್ ಅನ್ನುತ್ತಾರೆ. ನಮ್ಮ ಗುಂಪಿನಲ್ಲಿ ಜಾತಕ ಅಂದರೆ ಎಲ್ಲರಿಗೂ ಗೊತ್ತಾಗುತ್ತೆ.

ಇದು ಸುಮ್ನೆ ಶಿಸ್ತಿನ ಮಾತಲ್ಲ. ಕ್ಯಾಸೆಟ್‌ನಿಂದ ಕ್ಯಾಸೆಟ್‌ಗೆ ನಕಲು ಮಾಡಿದಷ್ಟೂ ಹಿಂದಿನ ಸುಯ್ ಸದ್ದು ಜಾಸ್ತಿಯಾಗುತ್ತೆ, ಮೇಲಿನ ಸ್ವರಗಳು ಮಾಸುತ್ತವೆ. ಒಂದೊಂದು ಡೆಕ್ಕಿನ, ಅಂದರೆ ಕ್ಯಾಸೆಟ್ ಯಂತ್ರದ, ವೇಗವೂ ಚೂರು ಚೂರು ಬೇರೆ. ನಾಲ್ಕನೇ ಕೈ ದಾಟುವ ಹೊತ್ತಿಗೆ ಗಿಟಾರ್ ಕಂಬಳಿ ಹೊದ್ದುಕೊಂಡಿರುತ್ತೆ. ನನ್ನ ಹತ್ತಿರ 80ರ ದಶಕದ ಒಂದೇ ಶೋದ ಎರಡು ಪ್ರತಿ ಇವೆ. ಒಂದು ಕಂಪ್ಯೂಟರಿನಲ್ಲಿ ತಿದ್ದಿ ತೀಡಿ ಮಿನುಗುವಂತೆ ಮಾಡಿದ್ದು, ಮೂಲ ಯಾವುದೋ ದೇವರಿಗೇ ಗೊತ್ತು. ಇನ್ನೊಂದು ಮೊದಲ ಟೇಪಿನಿಂದ ಎರಡನೇ ಪ್ರತಿ, ಸ್ವಲ್ಪ ಮಂಕು, ಆದರೆ ಅದರ ಜೊತೆ ಹೀಗೊಂದು ಚೀಟಿ ಇದೆ:

ಮೂಲ: ಆಡಿಯನ್ಸ್, ಬಾಲ್ಕನಿ ಮೊದಲ ಸಾಲು, ಎಡಕ್ಕೆ
ಮಾಸ್ಟರ್ ಕ್ಯಾಸೆಟ್ → ಒಂದನೇ ಪ್ರತಿ → ಎರಡನೇ ಪ್ರತಿ → ಡೆಕ್ → ಸೌಂಡ್ ಕಾರ್ಡ್ → ವೇವ್ → ಫ್ಲ್ಯಾಕ್
ಮೂರನೇ ಹಾಡಿನ ನಡುವೆ ಟೇಪ್ ತಿರುಗಿಸಿದ್ದು, ಸುಮಾರು 20 ಸೆಕೆಂಡ್ ಇಲ್ಲ
ಡಾಲ್ಬಿ ಇಲ್ಲ, ಏನೂ ತಿದ್ದಿಲ್ಲ

ಮಾಸ್ಟರ್ ಅಂದರೆ ಆ ಮೊದಲ ಟೇಪು. ವೇವ್ ಅಂದರೆ ಹಿಂಡದ ಫೈಲ್, ಫ್ಲ್ಯಾಕ್ ಏನು ಅಂತ ಮುಂದೆ ಹೇಳುತ್ತೇನೆ. ಡಾಲ್ಬಿ ಟೇಪಿನ ಸುಯ್ ಸದ್ದು ತಗ್ಗಿಸುವ ಏರ್ಪಾಡು. ನಾನು ಇಟ್ಟುಕೊಳ್ಳೋದು ಎರಡನೆಯದನ್ನು. ಮುಂದೆ ಯಾರಿಗೋ ಮಾಸ್ಟರ್ ಸಿಕ್ಕರೆ, ಇದಕ್ಕಿಂತ ಅದು ಮೇಲು ಅಂತ ಕಣ್ಣುಮುಚ್ಚಿ ಹೇಳಬಹುದು. ಮೊದಲನೆಯದರ ಬಗ್ಗೆ ಏನು ಹೇಳೋದು?

ಆಡಿಯನ್ಸ್, ಸೌಂಡ್‌ಬೋರ್ಡ್, ಎಫ್‌ಎಂ, ಮ್ಯಾಟ್ರಿಕ್ಸ್... ಏನಿದು? ಸೌಂಡ್‌ಬೋರ್ಡೇ ಶ್ರೇಷ್ಠ ಅಲ್ವಾ?

ಜನರ ನಡುವೆ ನಿಂತು ಮೈಕ್ ಹಿಡಿದಿದ್ದು ಆಡಿಯನ್ಸ್. ಎಲ್ಲಾ ಮೈಕ್‌ಗಳ ಸದ್ದು ಬೆರೆಸುವ ಮಿಕ್ಸರ್‌ನಿಂದ ನೇರ ತಂತಿ ಎಳೆದಿದ್ದು ಸೌಂಡ್‌ಬೋರ್ಡ್. ರೇಡಿಯೋದಲ್ಲಿ ಬಂದಿದ್ದನ್ನು ಹಿಡಿದಿದ್ದು ಎಫ್‌ಎಂ. ಆಡಿಯನ್ಸ್ ಮತ್ತು ಸೌಂಡ್‌ಬೋರ್ಡ್ ಎರಡನ್ನೂ ಕಲಸಿದ್ದು ಮ್ಯಾಟ್ರಿಕ್ಸ್.

ಸೌಂಡ್‌ಬೋರ್ಡ್ ಅಂದ ಕೂಡಲೇ ಎಲ್ಲರೂ ಕಣ್ಣರಳಿಸುತ್ತಾರೆ. ಸ್ವಲ್ಪ ತಡೆಯಿರಿ. ಚಿಕ್ಕ ಹಾಲ್‌ನಲ್ಲಿ ಗಿಟಾರ್ ಆಂಪ್ಲಿಫೈಯರೇ ಇಡೀ ಹಾಲ್‌ಗೆ ಸಾಕಾಗುವಷ್ಟು ಅರಚುತ್ತಿರುತ್ತೆ. ಹಾಗಾಗಿ ಮಿಕ್ಸರ್‌ನವನು ಸ್ಪೀಕರ್‌ಗಳಿಗೆ ಹಾಡುವವನ ದನಿ, ಕಿಕ್ ಡ್ರಮ್ ಜಾಸ್ತಿ ಬಿಡುತ್ತಾನೆ, ಗಿಟಾರ್ ಕಡಿಮೆ. ಅಲ್ಲಿ ನಿಂತವರಿಗೆ ಎಲ್ಲಾ ಸಮ ಕೇಳಿಸಿರುತ್ತೆ. ತಂತಿಯಲ್ಲಿ ಬಂದಿದ್ದರಲ್ಲಿ ಮಾತ್ರ ಹಾಡು, ಡ್ರಮ್, ದೂರದಲ್ಲೆಲ್ಲೋ ಸೊಳ್ಳೆ ಥರ ಗಿಟಾರ್. ಜನರ ಕೂಗಂತೂ ಇಲ್ಲವೇ ಇಲ್ಲ. ಮೆಟಲ್ ಶೋದಲ್ಲಿ ಜನರ ಕೂಗಿಲ್ಲ ಅಂದರೆ ಜಾತ್ರೆಯಲ್ಲಿ ತೇರೊಂದೇ ನಿಂತ ಹಾಗೆ. ಒಳ್ಳೆ ಜಾಗದಲ್ಲಿ ನಿಂತು ಹಿಡಿದ ಆಡಿಯನ್ಸ್ ರೆಕಾರ್ಡಿಂಗ್ ಇಂಥ ಸೌಂಡ್‌ಬೋರ್ಡ್‌ಗಿಂತ ಎಷ್ಟೋ ಮೇಲು.

ಮ್ಯಾಟ್ರಿಕ್ಸ್ ಚೆನ್ನಾಗಿ ಮಾಡಿದರೆ ಅದರ ರುಚಿಯೇ ಬೇರೆ. ಮಾಡೋದು ಕಷ್ಟ. ಮೈಕ್ ವೇದಿಕೆಯಿಂದ 30 ಮೀಟರ್ ದೂರ ಇತ್ತು ಅನ್ನಿ, ಸದ್ದು ಅಲ್ಲಿಗೆ ತಲುಪೋದು ಸುಮಾರು 90 ಮಿಲಿಸೆಕೆಂಡ್ ತಡ. ತಂತಿಯಲ್ಲಿ ಬಂದಿದ್ದು ಆ ಕ್ಷಣಕ್ಕೇ ಬಂದಿರುತ್ತೆ. ಎರಡನ್ನೂ ಹಾಗೇ ಕೂಡಿಸಿದರೆ ಒಬ್ಬ ಡ್ರಮ್ಮರ್ ಇಬ್ಬರಾಗುತ್ತಾನೆ. ಮೊದಲು ಎರಡನ್ನೂ ತಾಳೆ ಹಾಕಬೇಕು. ಎರಡು ಯಂತ್ರಗಳ ಗಡಿಯಾರ ಒಂದೇ ವೇಗದಲ್ಲಿ ಓಡುವುದಿಲ್ಲ, ಹಾಗಾಗಿ ಗಂಟೆ ಕಳೆದ ಮೇಲೆ ಮತ್ತೆ ತಾಳ ತಪ್ಪುತ್ತೆ. ಇದಕ್ಕೆ ತಾಳ್ಮೆ ಬೇಕು, ನನಗಿಲ್ಲ.

320ರ ಎಂಪಿ3 ಕೊಟ್ಟರೆ ಯಾಕೆ ಸಾರ್ ಮುಖ ಸಿಂಡರಿಸ್ತೀರಿ?

320 ಅಂದರೆ ಸೆಕೆಂಡಿಗೆ 320 ಕಿಲೊಬಿಟ್, ಅಂಕಿ ದೊಡ್ಡದಾದಷ್ಟೂ ಹಿಂಡಿದ್ದು ಕಡಿಮೆ. ಕೇಳೋಕೆ ಎಂಪಿ3 ಧಾರಾಳ ಸಾಕು. ನಾನೂ ಬಸ್ಸಿನಲ್ಲಿ ಅದನ್ನೇ ಕೇಳುತ್ತೇನೆ. ತೊಂದರೆ ಇರೋದು ಅದನ್ನೇ ಮೂಲ ಅಂತ ಇಟ್ಟುಕೊಳ್ಳೋದರಲ್ಲಿ. ಯಾರೋ ಅದನ್ನು ಸಿ.ಡಿ.ಗೆ ಸುಡುತ್ತಾನೆ, ಇನ್ನೊಬ್ಬ ಆ ಸಿ.ಡಿ.ಯಿಂದ ಮತ್ತೆ ಎಂಪಿ3 ಮಾಡುತ್ತಾನೆ. ಆಧಾರ್ ಕಾರ್ಡಿನ ಜೆರಾಕ್ಸ್‌ನ ಜೆರಾಕ್ಸ್‌ನ ಜೆರಾಕ್ಸ್ ನೋಡಿದ್ದೀರಲ್ಲ, ಮುಖ ಇರೋ ಕಡೆ ಕರೀ ಮಚ್ಚೆ. ಹಾಗಾಗುತ್ತೆ.

ಫ್ಲ್ಯಾಕ್ ಬಂದಿದ್ದು 2001ರಲ್ಲಿ. ಅದು ಫೈಲ್ ಚಿಕ್ಕದು ಮಾಡಿದರೂ ಒಂದು ಬಿಟ್ಟನ್ನೂ ಬಿಸಾಡುವುದಿಲ್ಲ, ಬಿಚ್ಚಿದರೆ ಮೊದಲಿದ್ದದ್ದು ಇದ್ದ ಹಾಗೇ ವಾಪಸ್ ಬರುತ್ತೆ. ಅದಕ್ಕೇ ಸಂಗ್ರಹ ಯಾವತ್ತೂ ಫ್ಲ್ಯಾಕ್‌ನಲ್ಲಿ.

ಫ್ಲ್ಯಾಕ್ ಅಂತ ಕೊಟ್ಟಿದ್ದಾರೆ, ಒಳಗೆ ಎಂಪಿ3 ತುಂಬಿದ್ದಾರೋ ಹೇಗೆ ಗೊತ್ತಾಗಬೇಕು?

ಒಳ್ಳೆ ಪ್ರಶ್ನೆ. ಇದು ನನ್ನ ಇಷ್ಟದ ಕೆಲಸ ಬೇರೆ, ಹಾಗಾಗಿ ಸ್ವಲ್ಪ ಉದ್ದ ಹೇಳುತ್ತೇನೆ.

ಆಡಾಸಿಟಿ ಅಥವಾ ಸ್ಪೆಕ್ ಅನ್ನೋ ತಂತ್ರಾಂಶ ಹಾಕಿಕೊಳ್ಳಿ, ಎರಡೂ ಪುಕ್ಕಟೆ. ಫೈಲ್ ತೆರೆದು ಸ್ಪೆಕ್ಟ್ರೋಗ್ರಾಂ ನೋಡಿ. ಕೆಳಗಿನಿಂದ ಮೇಲಕ್ಕೆ ಸ್ವರದ ಎತ್ತರ, ಎಡದಿಂದ ಬಲಕ್ಕೆ ಸಮಯ. 128ರ ಎಂಪಿ3 ಆಗಿದ್ದರೆ 16 ಕಿಲೊಹರ್ಟ್ಸ್ ಹತ್ತಿರ ಎಲ್ಲವೂ ಕತ್ತಿಯಿಂದ ಕೊಯ್ದ ಹಾಗೆ ನಿಂತುಬಿಡುತ್ತೆ. ಮೇಲೆ ಬರೀ ಕಪ್ಪು. ಹಳೇ ಕ್ಯಾಸೆಟ್ ಆದರೆ ಮೇಲೆ ಹೋದಷ್ಟೂ ಬಣ್ಣ ತೆಳುವಾಗುತ್ತಾ ಹೋಗುತ್ತೆ, ಕೋಟೆ ಗುಡ್ಡ ಇಳಿಜಾರಾಗಿ ನೆಲಕ್ಕೆ ಸೇರುವ ಹಾಗೆ. ಗೋಡೆಯೋ ಇಳಿಜಾರೋ, ಮೊದಲು ಅಷ್ಟು ನೋಡಿ.

ಆದರೆ ಗೋಡೆ ಕಂಡ ಕೂಡಲೇ ಜಗಳಕ್ಕೆ ಹೋಗಬೇಡಿ. ನಾನು ಹೋಗಿ ಮರ್ಯಾದೆ ಕಳೆದುಕೊಂಡಿದ್ದೇನೆ. ಎಫ್‌ಎಂ ಪ್ರಸಾರದ ಹಾಡು 15 ಕಿಲೊಹರ್ಟ್ಸ್‌ಗೇ ನಿಲ್ಲುತ್ತೆ, ಅದು ರೇಡಿಯೋದ ಸ್ವಭಾವ. ಅದರ ಮೇಲೆ, ಸರಿಯಾಗಿ 19 ಕಿಲೊಹರ್ಟ್ಸ್‌ನಲ್ಲಿ ಎಳೆ ಎಳೆದ ಹಾಗೆ ಒಂದು ಗೆರೆ ಕಂಡರೆ ಅದು ಸ್ಟೀರಿಯೋ ಎಫ್‌ಎಂನ ಪೈಲಟ್ ಟೋನ್, ಪ್ರಸಾರ ಸ್ಟೀರಿಯೋ ಅಂತ ರೇಡಿಯೋಗೆ ತಿಳಿಸುವ ಸದ್ದು. ಆ ಗೆರೆ ಇದ್ದರೆ ಖುಷಿಪಡಿ, ರೆಕಾರ್ಡಿಂಗ್ ನೇರ ರೇಡಿಯೋದಿಂದ ಬಂದಿದೆ, ನಡುವೆ ಎಂಪಿ3 ಮಾಡಿದವರು ಇಲ್ಲ ಅನ್ನೋದಕ್ಕೆ ಒಳ್ಳೆ ಸಾಕ್ಷಿ. ಇನ್ನು 15.6 ಕಿಲೊಹರ್ಟ್ಸ್ ಸುಮಾರಿಗೆ ಗೆರೆ ಇದ್ದರೆ, ಹಳೇ ಪಿಕ್ಚರ್ ಟ್ಯೂಬ್ ಟಿ.ವಿ. ಎಲ್ಲೋ ಪಕ್ಕದಲ್ಲಿ ಇತ್ತು ಅಥವಾ ಸದ್ದು ವಿಡಿಯೋ ಟೇಪಿನಿಂದ ಬಂತು ಅಂತ ಅರ್ಥ.

ಕೆಳಗೂ ಒಂದು ಸುಳಿವು ಇರುತ್ತೆ. ಕರೆಂಟಿನ ಗುಂಯ್ ಸದ್ದು ನಮ್ಮಲ್ಲೂ ಯೂರೋಪಿನಲ್ಲೂ 50 ಹರ್ಟ್ಸ್, ಅಮೆರಿಕದಲ್ಲಿ 60. ಅಮೆರಿಕದ ಶೋ, ‘ಮಾಸ್ಟರ್‌ನಿಂದ ಅಲ್ಲಿಯೇ ನೇರ ಮಾಡಿದ್ದು’ ಅಂತ ಬರೆದಿದ್ದಾರೆ, ಒಳಗೆ 50 ಹರ್ಟ್ಸ್ ಗುಂಯ್ ಅನ್ನುತ್ತಿದೆ. ಅಂದರೆ ಆ ಟೇಪು ಎಲ್ಲೋ ಸಮುದ್ರ ದಾಟಿ ನಕಲಾಗಿದೆ. ಜಾತಕದಲ್ಲಿ ಸುಳ್ಳು.

ಒಂದು ಶೋಗೆ ಎಷ್ಟು ಜಾಗ ಬೇಕು?

ಸಿ.ಡಿ. ಮಟ್ಟದಲ್ಲಿ, ಅಂದರೆ 16 ಬಿಟ್, 44.1 ಕಿಲೊಹರ್ಟ್ಸ್, ನಿಮಿಷಕ್ಕೆ ಸುಮಾರು 10.6 ಎಂ.ಬಿ. ಎರಡು ಗಂಟೆಯ ಶೋ 1.27 ಜಿ.ಬಿ. ಫ್ಲ್ಯಾಕ್ ಮಾಡಿದರೆ ಕಡಿಮೆಯಾಗುತ್ತೆ, ಆದರೆ ಮೆಟಲ್‌ನಲ್ಲಿ ಬಿಡುವೇ ಇಲ್ಲದ ಸದ್ದು, ಹಾಗಾಗಿ ಶಾಸ್ತ್ರೀಯ ಸಂಗೀತದಷ್ಟು ಕುಗ್ಗುವುದಿಲ್ಲ. 24 ಬಿಟ್, 48 ಕಿಲೊಹರ್ಟ್ಸ್ ಆದರೆ ನಿಮಿಷಕ್ಕೆ 17 ಎಂ.ಬಿ. ದಾಟುತ್ತೆ.

ನನ್ನ ಹತ್ತಿರ ಹಳೇ ಕ್ಯಾಸೆಟ್‌ಗಳಿವೆ. ಕಂಪ್ಯೂಟರ್‌ಗೆ ಹಾಕೋದು ಹೇಗೆ?

ಹೋದ ತಿಂಗಳು ಒಂದು ಕ್ಯಾಸೆಟ್ ಬಂತು, ಹೊಸಪೇಟೆಯ ಒಬ್ಬರ ಅಟ್ಟದ ಮೇಲೆ ಇದ್ದಿದ್ದು. ಅದಕ್ಕೆ ಏನೇನು ಮಾಡಿದೆ ಅಂತ ಹೇಳುತ್ತೇನೆ, ಅದೇ ಉತ್ತರ.

ಕವರ್ ತೆಗೆದರೆ ಕೆಂಪು ಧೂಳು. ಅದಿರಿನ ಲಾರಿ ಓಡಾಡುವ ರಸ್ತೆಯ ಮನೆ ಅಂತ ಕೇಳಬೇಕಾಗಿಯೇ ಇಲ್ಲ. ಆ ಧೂಳು ನುಣ್ಣಗಿದ್ದರೂ ಕಬ್ಬಿಣದ ಅದಿರಿನದು, ಡೆಕ್ಕಿನಲ್ಲಿ ಟೇಪು ಓದುವ ಹೆಡ್ಡಿಗೆ ಮರಳುಕಾಗದ ಇದ್ದ ಹಾಗೆ. ಮೆತ್ತನೆ ಬ್ರಷ್ಷಿನಿಂದ ಹೊರಗೆಲ್ಲ ಝಾಡಿಸಿದೆ. ಆಮೇಲೆ ಟೇಪು ತಾಗುವ ಕಡೆ ನೋಡಿದೆ. ಅಲ್ಲಿ ಒಂದು ತಗಡಿನ ಪಟ್ಟಿ, ಅದರ ಮೇಲೆ ಅಕ್ಕಿಕಾಳಿನಷ್ಟು ಉಣ್ಣೆಯ ಪ್ಯಾಡ್ ಇರಬೇಕು. ಟೇಪನ್ನು ಹೆಡ್ಡಿಗೆ ಒತ್ತಿ ಹಿಡಿಯೋದು ಅದೇ. ಪ್ಯಾಡ್ ಇರಲಿಲ್ಲ. ನಮ್ಮ ಬಿಸಿಲಿಗೆ ಅಂಟು ಒಣಗಿ ಉದುರಿ, ಕ್ಯಾಸೆಟ್ ಅಲ್ಲಾಡಿಸಿದರೆ ಒಳಗೆ ಟಕಟಕ ಅನ್ನುತ್ತಿತ್ತು. ಹೀಗೇ ಹಾಕಿದ್ದರೆ ಸದ್ದು ಮಂಕಾಗಿ, ನಡುನಡುವೆ ಮಾಯವಾಗಿ, ‘ಟೇಪ್ ಹಾಳಾಗಿದೆ’ ಅಂತ ಬಿಸಾಡುತ್ತಿದ್ದೆವು.

ಐದು ಸ್ಕ್ರೂ ಇರುವ ಕ್ಯಾಸೆಟ್ ಆಗಿದ್ದು ಪುಣ್ಯ. ಅದೇ ಅಳತೆಯ, ಯಾರಿಗೂ ಬೇಡದ ಒಂದು ಕ್ಯಾಸೆಟ್ ತೆಗೆದು, ಎರಡನ್ನೂ ಬಿಚ್ಚಿ, ಟೇಪಿನ ಉರುಳೆಗಳನ್ನು ಹಾಗೇ ಎತ್ತಿ ಹೊಸ ಮನೆಗೆ ಕೂರಿಸಿದೆ. ಮನೆಯಲ್ಲಿ ಫ್ಯಾನ್ ಆರಿಸಿ ಮಾಡಬೇಕು ಇದನ್ನು. ಏಪ್ರಿಲ್‌ನಲ್ಲಿ ಬಳ್ಳಾರಿಯಲ್ಲಿ ಫ್ಯಾನ್ ಆರಿಸಿ ಹತ್ತು ನಿಮಿಷ ಕೂರೋದು ಎಂಥ ತಪಸ್ಸು ಅಂತ ಗೊತ್ತಿರುವವರಿಗೆ ಗೊತ್ತು. ಬೆವರಿನ ಹನಿ ಟೇಪಿನ ಮೇಲೆ ಬೀಳದ ಹಾಗೆ ಹಣೆಗೆ ಟವೆಲ್ ಕಟ್ಟಿಕೊಂಡಿದ್ದೆ.

ಹೆಡ್ಡನ್ನು ಐಸೊಪ್ರೊಪೈಲ್ ಆಲ್ಕೊಹಾಲ್ ಹಚ್ಚಿದ ಹತ್ತಿಯಿಂದ ಒರೆಸಿದೆ. ಕ್ಯಾಸೆಟ್ ಒಂದ್ಸಲ ಪೂರ್ತಿ ಮುಂದೆ, ಪೂರ್ತಿ ಹಿಂದೆ ಓಡಿಸಿದೆ. ಆಮೇಲೆ ಆಝಿಮತ್. ಹೆಡ್ಡಿನ ಪಕ್ಕದ ಚಿಕ್ಕ ಸ್ಕ್ರೂ ಅದು. ರೆಕಾರ್ಡ್ ಮಾಡಿದ ಯಂತ್ರದ ಹೆಡ್ಡು ಯಾವ ಕೋನದಲ್ಲಿತ್ತೋ ನಿಮ್ಮದೂ ಅದೇ ಕೋನಕ್ಕೆ ಬರಬೇಕು. ಸದ್ದನ್ನು ಮೋನೋ ಮಾಡಿ, ಸಿಂಬಲ್ ಹೊಡೆಯುವ ಜಾಗ ಕೇಳುತ್ತಾ, ಸ್ಕ್ರೂ ಕೂದಲೆಳೆಯಷ್ಟು ತಿರುಗಿಸಿ. ಒಂದು ಕಡೆ ಇದ್ದಕ್ಕಿದ್ದಂತೆ ಪರದೆ ಸರಿದ ಹಾಗೆ ಸದ್ದು ತೆರೆದುಕೊಳ್ಳುತ್ತೆ. ಅಲ್ಲಿ ನಿಲ್ಲಿಸಿ. ಸಾವಿರಾರು ರೂಪಾಯಿ ಕೊಟ್ಟು ಸೌಂಡ್ ಕಾರ್ಡ್ ತರುವವರು ಈ ಒಂದು ಸ್ಕ್ರೂ ಮುಟ್ಟುವುದಿಲ್ಲ.

ಕೊನೆಗೆ ಲ್ಯಾಪ್‌ಟಾಪಿನ ಚಾರ್ಜರ್ ಕಿತ್ತು ಬ್ಯಾಟರಿಯಲ್ಲಿ ಓಡಿಸಿ, ಇಲ್ಲದಿದ್ದರೆ ಕರೆಂಟಿನ ಗುಂಯ್ ಸೇರಿಕೊಳ್ಳುತ್ತೆ. 24 ಬಿಟ್‌ನಲ್ಲಿ ಇಡೀ ಬದಿಯನ್ನು ಒಂದೇ ಉಸಿರಿಗೆ ರೆಕಾರ್ಡ್ ಮಾಡಿ. ಹಾಡು ತುಂಡು ಮಾಡೋದು ಆಮೇಲೆ.

ಹಾಡು ಚೂರು ನಿಧಾನ ಅನಿಸುತ್ತೆ. ಟೇಪಿನದಾ, ಬ್ಯಾಂಡಿನದಾ?

ಗಿಟಾರಿನ ಶ್ರುತಿ ನೋಡಿ. ಐರನ್ ಮೇಡನ್ ಗಿಟಾರ್‌ಗಳು ಸಾಮಾನ್ಯ ಇ ಶ್ರುತಿಯಲ್ಲೇ ಇರುತ್ತವೆ, ದಪ್ಪ ತಂತಿ 82.4 ಹರ್ಟ್ಸ್. ನಿಮ್ಮ ಟೇಪಿನಲ್ಲಿ ಅದು 77.8 ತೋರಿಸಿದರೆ ಅರ್ಧ ಸ್ವರ ಕೆಳಗಿದೆ, ಅಂದರೆ ಟೇಪು ಸುಮಾರು 6 ಶೇಕಡಾ ನಿಧಾನ. ಸರಿ ಮಾಡಬಹುದು. ಆದರೆ ಸ್ಲೇಯರ್ 80ರ ದಶಕದ ನಡುವಿನಿಂದಲೇ ಅರ್ಧ ಸ್ವರ ಇಳಿಸಿ ನುಡಿಸುತ್ತಿತ್ತು, ಮೆಟಾಲಿಕಾ ಕೂಡ 90ರ ದಶಕದ ನಡುವಿನಿಂದ ವೇದಿಕೆಯ ಮೇಲೆ ಹಾಗೇ. ಅವರ ಟೇಪನ್ನು ‘ಸರಿ’ ಮಾಡಲು ಹೋದರೆ ಹಾಡುವವನಿಗೆ ಬಾಲ್ಯ ವಾಪಸ್ ಬರುತ್ತೆ.

ಈಕ್ವಲೈಸರ್ ಹಾಕಿ ಚೆನ್ನಾಗಿ ಮಾಡಬಹುದಾ?

ನಿಮ್ಮ ಪ್ರತಿಗೆ ಏನು ಬೇಕಾದರೂ ಮಾಡಿ. ಮೂಲ ಮುಟ್ಟಬೇಡಿ, ತಿದ್ದಿದ್ದನ್ನು ಮೂಲ ಅಂತ ಕೊಡಬೇಡಿ.

ನಮ್ಮ ಬಿಸಿಲು, ಧೂಳು, ಕರೆಂಟು. ಇದರಲ್ಲಿ ಉಳಿಸೋದು ಹೇಗೆ?

ಕರಾವಳಿಯವರಿಗೆ, ಮಲೆನಾಡಿನವರಿಗೆ ಬೂಷ್ಟಿನ ಕಾಟ. ನಮಗೆ ಅದು ಕಡಿಮೆ. ನಮ್ಮ ಶತ್ರು ಬಿಸಿಲು. ಏಪ್ರಿಲ್, ಮೇನಲ್ಲಿ 40 ಡಿಗ್ರಿ ದಾಟುವ ಊರು. ಟಾರಸಿ ಕೆಳಗಿನ ರೂಮಿನಲ್ಲಿ, ಅದೂ ಪಡುವಣ ಗೋಡೆಗೆ ಆತುಕೊಂಡ ಅಲ್ಮಾರದಲ್ಲಿ ಕ್ಯಾಸೆಟ್ ಇಟ್ಟರೆ ಬೇಯಿಸಿದ ಹಾಗೆ. ಕೆಳಗಿನ ಮನೆ, ನಡುಮನೆ, ನೆಲದಿಂದ ಎರಡಡಿ ಮೇಲೆ, ಮುಚ್ಚಿದ ಡಬ್ಬಿ. ಸ್ಪೀಕರ್ ಪಕ್ಕ ಬೇಡ, ಅದರಲ್ಲಿ ಅಯಸ್ಕಾಂತ ಇರುತ್ತೆ. ನೀವೇ ಸುಟ್ಟ ಸಿ.ಡಿ.ಗಳನ್ನು ನಂಬಲೇಬೇಡಿ, ಬೆಳಕು ಮತ್ತು ಸೆಕೆಗೆ ಅವುಗಳ ಬಣ್ಣದ ಪದರ ಕೆಡುತ್ತೆ. ಇವತ್ತೇ ಡಿಸ್ಕ್‌ಗೆ ಹಾಕಿ.

ಡಿಸ್ಕ್ ಅಂದೆ. 2013ರ ಮೇ ತಿಂಗಳಲ್ಲಿ ಒಂದು ಮಧ್ಯಾಹ್ನ ಕರೆಂಟು ಹೋಗಿ, ಬಂದು, ಮತ್ತೆ ಹೋಗಿ, ಜೋರಾಗಿ ಬಂತು. ನನ್ನ ಡಿಸ್ಕ್ ಟಿಕ್ ಟಿಕ್ ಅಂದು ಸುಮ್ಮನಾಯಿತು. ಮುನ್ನೂರರಷ್ಟು ಶೋಗಳು. ಎರಡನೇ ಪ್ರತಿ? ‘ಈ ವಾರ ಮಾಡ್ತೀನಿ’ ಅಂತ ಆರು ತಿಂಗಳಿಂದ ಹೇಳುತ್ತಿದ್ದೆ. ರಿಪೇರಿಗೆ ಒಯ್ದ ಕಡೆ ದುಡ್ಡು ತೆಗೆದುಕೊಂಡು ಡಿಸ್ಕನ್ನು ಇನ್ನಷ್ಟು ಕೆಡಿಸಿ ಕೊಟ್ಟರು. ಬೆಂಗಳೂರಿನ ಬ್ಯಾಂಡ್‌ಗಳ ಕೆಲವು ಶೋಗಳನ್ನು ಮಾತ್ರ, ಬ್ಯಾಂಡಿನವರ ಒಪ್ಪಿಗೆ ಇದ್ದಿದ್ದರಿಂದ ಸಿಂಧನೂರಿನ ಒಬ್ಬ ಹುಡುಗನಿಗೆ ಕೊಟ್ಟಿದ್ದೆ. ಅವನು ಬಸ್ಸಿನಲ್ಲಿ ಡಿಸ್ಕ್ ಹಿಡಿದುಕೊಂಡು ಬಂದ. ಪ್ರತಿ ಶೋ ಜೊತೆ ಎಂಡಿ5 ಅಂತ ಒಂದು ಚಿಕ್ಕ ಫೈಲ್ ಇಟ್ಟಿದ್ದೆ. ಅದು ಬೆರಳಚ್ಚು ಇದ್ದ ಹಾಗೆ, ಫೈಲಿನಲ್ಲಿ ಒಂದು ಬಿಟ್ ಬದಲಾದರೂ ತಾಳೆಯಾಗುವುದಿಲ್ಲ. ಓಡಿಸಿ ನೋಡಿದರೆ ಎಲ್ಲಾ ಸರಿ, ಒಂದೂ ತಪ್ಪಿಲ್ಲ. ಅವನಿಗೆ ಅವತ್ತು ಹೊಟ್ಟೆ ಬಿರಿಯುವಷ್ಟು ವಗ್ಗಾಣಿ ಮಿರ್ಚಿ ತಿನ್ನಿಸಿದೆ.

ಈಗ ಮೂರು ಪ್ರತಿ. ಎರಡು ಮನೆಯಲ್ಲಿ, ಯುಪಿಎಸ್ ಹಿಂದೆ. ಒಂದು ಕೊಪ್ಪಳದಲ್ಲಿ ಭಾವನ ಬೀರುವಿನಲ್ಲಿ. ಅದರಲ್ಲಿ ಜಮೀನಿನ ಕಾಗದ ಇದೆ ಅಂತ ಭಾವ ತಿಳಿದುಕೊಂಡಿದ್ದಾರೆ, ಹಾಗೇ ಇರಲಿ.

ನಾನೇ ಶೋದಲ್ಲಿ ರೆಕಾರ್ಡ್ ಮಾಡಬೇಕು. ಏನು ತಗೊಳ್ಳಲಿ?

ಮೊದಲು ನನ್ನ ಪೆದ್ದತನ ಕೇಳಿ. 2007ರ ಮಾರ್ಚ್ 17, ಬೆಂಗಳೂರು ಅರಮನೆ ಮೈದಾನ, ಐರನ್ ಮೇಡನ್. ಅವರು ಭಾರತಕ್ಕೆ ಬಂದಿದ್ದೇ ಮೊದಲ ಸಲ. ಹಂಪಿ ಎಕ್ಸ್‌ಪ್ರೆಸ್ಸಿನಲ್ಲಿ ಜನರಲ್ ಬೋಗಿಯಲ್ಲಿ ನಿಂತುಕೊಂಡು ಹೋದೆವು. ಜೇಬಿನಲ್ಲಿ ಆಫೀಸಿನವರು ಮಾತು ರೆಕಾರ್ಡ್ ಮಾಡುವ ಪುಟ್ಟ ಯಂತ್ರ. ಊರಿಗೆ ಬಂದು ಹಾಕಿದರೆ ಎರಡು ಗಂಟೆ ಬರ್ರ್ ಅನ್ನೋ ಸದ್ದು. ಅಕ್ಕಿ ಗಿರಣಿ ಅಂದರೂ ನಂಬಬಹುದು. ನಡುವೆ ಪಕ್ಕದವನು ಗೆಳೆಯನಿಗೆ ‘ಲೇ ಮಗಾ, ನೀರು ಐತೇನೋ’ ಅಂದಿದ್ದು ಮಾತ್ರ ಸ್ಪಷ್ಟ.

ಆಗಿದ್ದೇನು ಅಂದರೆ, ಅಷ್ಟು ಜೋರು ಸದ್ದಿಗೆ ಮೈಕೇ ಕೈಚೆಲ್ಲಿತ್ತು. ಲೆವೆಲ್ ಇಳಿಸಿದರೂ ಪ್ರಯೋಜನ ಇರುತ್ತಿರಲಿಲ್ಲ. ಈಗ ಬರುವ 32 ಬಿಟ್ ಫ್ಲೋಟ್ ಯಂತ್ರಗಳಲ್ಲಿ ಲೆವೆಲ್ ಚಿಂತೆ ಇಲ್ಲ ಅನ್ನುತ್ತಾರೆ. ನಿಜ. ಆದರೆ ಮೈಕಿನೊಳಗೇ ಒಡೆದ ಸದ್ದನ್ನು ಅದೂ ಜೋಡಿಸಲಾರದು. ಜೋರು ಸದ್ದು ತಾಳುವ ಮೈಕ್ ಮುಖ್ಯ, ಯಂತ್ರ ಆಮೇಲೆ. ಝೂಮ್, ಟಾಸ್ಕಾಮ್, ಸೋನಿ ಕಂಪನಿಗಳ ಕೈಯಲ್ಲಿ ಹಿಡಿಯುವ ರೆಕಾರ್ಡರ್ ಶುರುವಿಗೆ ಸಾಕು. 24 ಬಿಟ್, 48 ಕಿಲೊಹರ್ಟ್ಸ್ ಇಡಿ. ತಾನಾಗಿ ಲೆವೆಲ್ ಏರಿಳಿಸುವ ಸೌಲಭ್ಯ ಇರುತ್ತೆ, ಅದನ್ನು ಆರಿಸಿ. ತೀರಾ ಕೆಳಗಿನ ಗುಡುಗು ಸದ್ದು ಕತ್ತರಿಸುವ ಲೋ ಕಟ್ ಹಾಕಿ. ಅತಿ ಜೋರು ಹೊಡೆತಕ್ಕೂ ಮೀಟರ್ ಮೈನಸ್ 6 ಡೆಸಿಬಲ್ ದಾಟದಿರಲಿ. ಫೋನನ್ನು ಏರೋಪ್ಲೇನ್ ಮೋಡ್‌ಗೆ ಹಾಕಿ, ಇಲ್ಲದಿದ್ದರೆ ಸಿಗ್ನಲ್ಲಿನ ಟರಟರ ಸದ್ದು ಹಾಡಿನೊಳಗೆ ಬರುತ್ತೆ.

ನಿಲ್ಲೋ ಜಾಗ: ವೇದಿಕೆಗೆ ಅಂಟಿಕೊಂಡಲ್ಲ. ಮಿಕ್ಸರ್ ಎಲ್ಲಿದೆ ನೋಡಿ, ಅದರ ಸ್ವಲ್ಪ ಮುಂದೆ, ಎರಡು ಕಡೆಯ ಸ್ಪೀಕರ್‌ಗಳಿಗೂ ಸಮ ದೂರದಲ್ಲಿ. ಮಿಕ್ಸರ್‌ನವನು ತನ್ನ ಕಿವಿಗೆ ಸರಿ ಅನಿಸುವ ಹಾಗೆ ಮಾಡುತ್ತಾನೆ, ನೀವು ಅವನ ಕಿವಿ ಕದಿಯಬೇಕು. ನಿಮ್ಮ ಸ್ವಂತ ಕಿವಿಗೆ ಪ್ಲಗ್ ಹಾಕಿಕೊಳ್ಳಿ. ನನ್ನ ಎಡಗಿವಿಯಲ್ಲಿ ರಾತ್ರಿ ಹೊತ್ತು ಕೀಂಯ್ ಅನ್ನುತ್ತಿರುತ್ತೆ.

ಅಭ್ಯಾಸಕ್ಕೆ ಬೆಂಗಳೂರಿಗೇ ಹೋಗಬೇಕಾಗಿಲ್ಲ. ಗಣೇಶನ ಮೆರವಣಿಗೆಯ ಡಿಜೆ ಲಾರಿ, ಮೊಹರಂ ಹಲಗೆ, ಡೊಳ್ಳು. ಇವುಗಳ ಎದುರು ನಿಂತು ಒಡೆಯದ ರೆಕಾರ್ಡಿಂಗ್ ತಂದಿರಿ ಅಂದರೆ ನಿಮಗೆ ಯಾವ ಮೆಟಲ್ ಬ್ಯಾಂಡೂ ದೊಡ್ಡದಲ್ಲ. ನನ್ನ ಹತ್ತಿರ ಇರುವ ಅತಿ ಚೆಂದದ ರೆಕಾರ್ಡಿಂಗ್‌ಗಳಲ್ಲಿ ಒಂದು ಕೌಲ್ ಬಜಾರಿನ ಹಲಗೆಯದು.

ಇದೆಲ್ಲ ಕಾನೂನಿಗೆ ಒಪ್ಪುತ್ತಾ?

1957ರ ಕಾಪಿರೈಟ್ ಕಾಯ್ದೆಯ 38ನೇ ಸೆಕ್ಷನ್ ಪ್ರಕಾರ ಹಾಡುವವರಿಗೆ, ನುಡಿಸುವವರಿಗೆ ತಮ್ಮ ಪ್ರದರ್ಶನದ ಮೇಲೆ ಹಕ್ಕಿದೆ, 50 ವರ್ಷ. ಸ್ವಂತಕ್ಕೆ ಕೇಳಿಕೊಳ್ಳಲು ಮಾಡಿದ ರೆಕಾರ್ಡಿಂಗ್ ಆ ಹಕ್ಕಿನ ಉಲ್ಲಂಘನೆ ಅಲ್ಲ ಅಂತ 39ನೇ ಸೆಕ್ಷನ್ ಹೇಳುತ್ತದೆ. ಮಾರೋದು, ಊರಿಗೆಲ್ಲ ಹಂಚೋದು ಅದರಲ್ಲಿ ಬರುವುದಿಲ್ಲ. ಹಾಡಿನ ಕಾಪಿರೈಟ್ ಬೇರೆಯದೇ ಇದೆ. ಟಿಕೆಟ್ ಮೇಲಿನ ಷರತ್ತೂ ಓದಿ. ಗೇಟಿನಲ್ಲಿ ಬೇಡ ಅಂದರೆ ವಾದ ಮಾಡಬೇಡಿ, ಒಳಗೆ ಹೋಗಿ ಕುಣಿಯಿರಿ.

ಕೆಲವು ಬ್ಯಾಂಡ್‌ಗಳೇ ಒಪ್ಪುತ್ತವೆ. ಮೆಟಾಲಿಕಾ 90ರ ದಶಕದಲ್ಲೇ ರೆಕಾರ್ಡ್ ಮಾಡುವವರಿಗೆ ಅಂತ ಬೇರೆ ಜಾಗ ಕೊಟ್ಟಿತ್ತು. 2004ರಿಂದ ತಾವೇ ಶೋಗಳ ರೆಕಾರ್ಡಿಂಗನ್ನು ಫ್ಲ್ಯಾಕ್‌ನಲ್ಲೂ ಮಾರುತ್ತಿದ್ದಾರೆ. ಮಾರಾಟಕ್ಕೆ ಇರುವುದನ್ನು ಪುಕ್ಕಟೆ ಕೇಳಬೇಡಿ. ಇಂಟರ್‌ನೆಟ್ ಆರ್ಕೈವ್‌ನಲ್ಲಿ 2002ರಿಂದ ಲೈವ್ ಸಂಗೀತಕ್ಕೆ ಒಂದು ವಿಭಾಗ ಇದೆ, ಒಪ್ಪಿಗೆ ಕೊಟ್ಟ ಬ್ಯಾಂಡ್‌ಗಳದು ಮಾತ್ರ. ಅಲ್ಲಿ ಮೆಟಲ್ ಕಡಿಮೆ, ಆದರೆ ಜಾತಕ ಬರೆಯೋದು ಹೇಗೆ ಅಂತ ಕಲಿಯಲು ಅದಕ್ಕಿಂತ ಒಳ್ಳೆ ಜಾಗ ಇಲ್ಲ.

ಎಷ್ಟಕ್ಕೆ ಕೊಡ್ತೀರಿ?

ಕೊಡುವುದಿಲ್ಲ. ಮುಂದಿನ ಪ್ರಶ್ನೆ.

ನಮ್ಮ ಕನ್ನಡದ ನೆಲದ ಬ್ಯಾಂಡ್‌ಗಳದು ಇದೆಯಾ?

ನನಗೆ ಹೊಟ್ಟೆ ಉರಿಯೋದು ಇಲ್ಲೇ. ಮೆಟಾಲಿಕಾ 2011ರ ಅಕ್ಟೋಬರ್ 30ರಂದು ಅರಮನೆ ಮೈದಾನದಲ್ಲಿ ನುಡಿಸಿದ್ದನ್ನು ಹುಡುಕುವವರು ನೂರು ಜನ. ಬೆಂಗಳೂರಿನ ಮಿಲೇನಿಯಂ 1988ರಿಂದ ಇತ್ತು, ಡೈಯಿಂಗ್ ಎಂಬ್ರೇಸ್ 90ರ ದಶಕದ ಶುರುವಿನಿಂದ, ಕ್ರಿಪ್ಟೋಸ್ 1998ರಿಂದ. ಇವರ ಹಳೇ ಶೋಗಳನ್ನು ಕೇಳಿಕೊಂಡು ಬಂದವರು ನನ್ನ ಹತ್ತಿರ ಇಬ್ಬರು. ಕ್ರಿಪ್ಟೋಸ್ 2013ರಲ್ಲಿ ಜರ್ಮನಿಯ ವಾಕನ್ ಹಬ್ಬದಲ್ಲಿ ನುಡಿಸಿತು. ಅವರು ಮೊದಲ ವರ್ಷಗಳಲ್ಲಿ ಕಾಲೇಜು ಹಬ್ಬಗಳಲ್ಲಿ ಹೇಗಿದ್ದರು ಅಂತ ಕೇಳಬೇಕು ಅನಿಸುವುದಿಲ್ವಾ? ಆ ಟೇಪುಗಳು ಯಾರದೋ ಅಟ್ಟದ ಮೇಲೆ, ಪ್ಯಾಡ್ ಉದುರಿ ಕೂತಿರುತ್ತವೆ. ಬೇವರ್ ಸೀ ಅಂತ ಒಂದು ಬ್ಯಾಂಡ್ ಇದೆ, ಹೆಸರನ್ನು ಒಂದೇ ಉಸಿರಿಗೆ ಹೇಳಿ ನೋಡಿ. ಕನ್ನಡ ಬಾರದವರಿಗೆ ಅದೊಂದು ಸಮುದ್ರ. ನನ್ನ ತಾಯಿಗೆ ಫೋಲ್ಡರಿನ ಹೆಸರು ಓದಿ ಹೇಳಿದ ದಿನ ಊಟ ತಡವಾಗಿ ಸಿಕ್ಕಿತು.

ಈ ಬ್ಯಾಂಡ್‌ಗಳಿಗೆ ನೇರ ಕೇಳಿ. ಬೆಂಗಳೂರು ಓಪನ್ ಏರ್ 2012ರಿಂದ ಶುರುವಾದ ಹಬ್ಬ, ಅಲ್ಲಿಗೆ ಹೋದರೆ ನುಡಿಸಿ ಇಳಿದವರು ಜನರ ನಡುವೆಯೇ ಓಡಾಡಿಕೊಂಡಿರುತ್ತಾರೆ. ‘ರೆಕಾರ್ಡ್ ಮಾಡಲಾ, ಒಂದು ಪ್ರತಿ ನಿಮಗೂ ಕೊಡ್ತೀನಿ’ ಅಂದರೆ ಇಲ್ಲ ಅಂದವರನ್ನು ನಾನು ಕಂಡಿಲ್ಲ. ಮಾತಿನಂತೆ ಪ್ರತಿ ಕೊಡಿ. ಚೀಟಿ ಸಮೇತ.

ನಿಮ್ಮ ಮನೆಗೆ ಬಂದು ಕೇಳಬಹುದಾ?

ಬನ್ನಿ. ಒಪ್ಪಿಗೆ ಇಲ್ಲದ ರೆಕಾರ್ಡಿಂಗ್ ಹೊರಗೆ ಕೊಡುವುದಿಲ್ಲ, ಕೂತು ಕೇಳೋಕೆ ಅಡ್ಡಿಯಿಲ್ಲ. ಭಾನುವಾರ ಬೆಳಿಗ್ಗೆ ಹತ್ತರ ಒಳಗೆ ಬಂದರೆ ಒಳ್ಳೇದು, ಆಮೇಲೆ ಸೆಕೆ. ನಮ್ಮ ಕೆಳಗಿನ ಮನೆ ಅಜ್ಜಿಗೆ ಮಧ್ಯಾಹ್ನ ನಿದ್ದೆ ಬೇಕು. ಅಟ್ಟದ ಮೇಲೆ ಹಳೇ ಕ್ಯಾಸೆಟ್ ಇದ್ದರೆ ತನ್ನಿ, ಒರೆಸದೆ ಹಾಗೇ ತನ್ನಿ. ಮತ್ತೆ, 2001ರಲ್ಲಿ ನನ್ನ ಕ್ಯಾಸೆಟ್ ಒಯ್ದ ಗೆಳೆಯ ಇದನ್ನು ಓದುತ್ತಿದ್ದರೆ, ನಿನಗೂ ಬಾಗಿಲು ತೆರೆದೇ ಇದೆ ಮಾರಾಯ. ಬರುವಾಗ ಖಾಲಿ ಕೈಲಿ ಬರಬೇಡ.